ಟೈಲ್ಸ್ ಹಿಂದಿನ ಲೆಕ್ಕ: ಬಾತ್‌ರೂಮ್ ನವೀಕರಣದ ಬಿಲ್ ಏರುವುದೆಲ್ಲಿ?

2025ರ ಸೆಪ್ಟೆಂಬರ್ ಕೊನೆಯ ವಾರ ಅಮೆರಿಕದ ಅಧ್ಯಕ್ಷ ಡೊನಾಲ್ಡ್ ಟ್ರಂಪ್ ಅಡುಗೆಮನೆಯ ಕಪಾಟು ಮತ್ತು ಬಾತ್‌ರೂಮ್ ವ್ಯಾನಿಟಿಗಳ (ವಾಶ್‌ಬೇಸಿನ್ ಕೂರಿಸುವ ಕಪಾಟುಗಳ) ಆಮದಿಗೆ ಅಕ್ಟೋಬರ್ 1ರಿಂದ ಶೇ 50 ಸುಂಕ ಎಂದು ಪ್ರಕಟಿಸಿದರು. ಕೆಲವೇ ದಿನಗಳಲ್ಲಿ ಅಧಿಕೃತ ಆದೇಶ ಹೊರಬಿದ್ದಾಗ ಅದು ಅಕ್ಟೋಬರ್ 14ರಿಂದ ಶೇ 25 ಆಗಿತ್ತು. 2026ರ ಜನವರಿ 1ಕ್ಕೆ ಶೇ 50ಕ್ಕೆ ಏರುತ್ತದೆ ಎಂಬ ಸಾಲೂ ಅದರಲ್ಲಿತ್ತು. ಆ ದಿನ ಹತ್ತಿರ ಬಂದಾಗ ಏರಿಕೆಯನ್ನು ಮತ್ತೊಂದು ವರ್ಷ ಮುಂದಕ್ಕೆ ಹಾಕಲಾಯಿತು. ಈ ಸುಂಕಕ್ಕೆ ಬಳಸಿದ್ದು 1962ರ ವ್ಯಾಪಾರ ವಿಸ್ತರಣಾ ಕಾಯ್ದೆಯ 232ನೇ ಸೆಕ್ಷನ್, ಅಂದರೆ ರಾಷ್ಟ್ರೀಯ ಭದ್ರತೆಯ ಕಾರಣ ಕೊಟ್ಟು ಸುಂಕ ಹಾಕುವ ಅಧಿಕಾರ.

ವಾಶ್‌ಬೇಸಿನ್ ಕೆಳಗಿನ ಕಪಾಟಿಗೂ ದೇಶದ ಭದ್ರತೆಗೂ ಏನು ಸಂಬಂಧ ಎಂದು ಓದಿದವರು ಗೊಂದಲಕ್ಕೆ ಬಿದ್ದದ್ದು ಸಹಜ. ಆದರೆ ಮನೆ ಇರುವ ಯಾರಿಗಾದರೂ ಹತ್ತಿರದ ಪ್ರಶ್ನೆ ಇನ್ನೊಂದಿದೆ. ಇಂಥ ಸುದ್ದಿ ಬಂದಾಗಲೆಲ್ಲ ಬಾತ್‌ರೂಮ್ ಕೆಲಸ ಈಗಲೇ ಮಾಡಿಸಿಬಿಡಬೇಕೇ, ಕಾಯಬೇಕೇ ಎಂಬ ಚಿಂತೆ ಹುಟ್ಟುತ್ತದೆ. ಅದಕ್ಕೆ ಉತ್ತರ ಸಿಗಬೇಕಾದರೆ ಬಾತ್‌ರೂಮಿನ ಬಿಲ್ಲನ್ನು ಬಿಡಿಸಿ ನೋಡಬೇಕು.

ಸುಂಕ ಮುಟ್ಟುವುದು ಎಷ್ಟನ್ನು?

ಒಂದು ಲೆಕ್ಕ ಹಾಕೋಣ. ಇಡೀ ನವೀಕರಣದ ಖರ್ಚು ನೂರು ಎಂದಿಟ್ಟುಕೊಳ್ಳಿ. ಅದರಲ್ಲಿ ವ್ಯಾನಿಟಿಯ ಪಾಲು ಹತ್ತು ಇರಲಿ. ಸುಂಕ ಬೀಳುವುದು ಅಂಗಡಿಯ ಬೆಲೆಯ ಮೇಲಲ್ಲ, ಬಂದರಿನಲ್ಲಿ ತೋರಿಸಿದ ಆಮದಿನ ಬೆಲೆಯ ಮೇಲೆ. ಸಾಗಣೆ, ಗೋದಾಮು, ಅಂಗಡಿ ಬಾಡಿಗೆ, ಲಾಭ ಇವೆಲ್ಲ ಆಮೇಲೆ ಸೇರುವಂಥವು. ಆಮದಿನ ಬೆಲೆ ಐದು ಎಂದು ಹಿಡಿದರೆ ಶೇ 25ರ ಸುಂಕ ಒಂದೂಕಾಲು. ಅಷ್ಟನ್ನೂ ಗ್ರಾಹಕನ ತಲೆಗೇ ಕಟ್ಟಿದರೂ ನೂರರ ಬಿಲ್ ನೂರಾ ಒಂದೂಕಾಲು ಆಗುತ್ತದೆ. ಸುಂಕ ದುಪ್ಪಟ್ಟಾದರೆ ನೂರಾ ಎರಡೂವರೆ.

ಕಥೆ ಅಲ್ಲಿಗೇ ಮುಗಿಯುವುದಿಲ್ಲ ನಿಜ. ಆಮದು ಮಾಲು ತುಟ್ಟಿಯಾದಾಗ ಒಳನಾಡಿನ ತಯಾರಕರಿಗೂ ಬೆಲೆ ಏರಿಸಲು ಜಾಗ ಸಿಗುತ್ತದೆ. ಅದೇ ವರ್ಷ ಜೂನ್‌ನಲ್ಲಿ ಉಕ್ಕು, ಅಲ್ಯೂಮಿನಿಯಂ ಮೇಲಿನ ಅಮೆರಿಕದ ಸುಂಕ ಶೇ 50 ಆಯಿತು, ಆಗಸ್ಟ್‌ನಿಂದ ತಾಮ್ರದ ಪೈಪು ಮತ್ತು ಜೋಡಣೆ ಸಾಮಾನುಗಳ ಮೇಲೂ ಶೇ 50 ಬಿತ್ತು. ಹಿತ್ತಾಳೆಯ ನಲ್ಲಿಯಲ್ಲಿ ಹೆಚ್ಚಿನ ಪಾಲು ತಾಮ್ರವೇ. ಇನ್ನು ಬೇರೆ ದೇಶಗಳ ಮಾತು ಬೇರೆ: ಒಂದು ದೊಡ್ಡ ಮಾರುಕಟ್ಟೆ ಅರ್ಧ ಬಾಗಿಲು ಹಾಕಿದರೆ ಅಲ್ಲಿಗೆ ಹೋಗಬೇಕಿದ್ದ ಸರಕು ಇನ್ನೊಂದು ಕಡೆ ಹರಿದು ಅಲ್ಲಿ ಬೆಲೆ ಇಳಿಯಲೂಬಹುದು. ಇದೆಲ್ಲ ಕೂಡಿದರೂ, ಬಾತ್‌ರೂಮಿನ ಬಿಲ್ ಗಾಬರಿ ಹುಟ್ಟಿಸುವಷ್ಟು ಏರುವುದಕ್ಕೆ ಮುಖ್ಯ ಕಾರಣ ಕಣ್ಣಿಗೆ ಕಾಣುವ ಸಾಮಾನಲ್ಲ.

ಚಿಕ್ಕ ಕೋಣೆ, ಹಲವು ಕೈ

ಮನೆಯ ಅತಿ ಚಿಕ್ಕ ಕೋಣೆಗೆ ಚದರಡಿ ಲೆಕ್ಕದಲ್ಲಿ ಅತಿ ಹೆಚ್ಚು ಖರ್ಚು ಯಾಕೆ? ಮಲಗುವ ಕೋಣೆ ನವೀಕರಿಸಲು ಬಣ್ಣದವರು, ನೆಲದವರು ಬಂದರೆ ಬಹುತೇಕ ಕೆಲಸ ಮುಗಿಯಿತು. ಬಾತ್‌ರೂಮಿಗೆ ಒಡೆಯುವವರು, ಪ್ಲಂಬರ್, ಎಲೆಕ್ಟ್ರಿಷಿಯನ್, ಗಾರೆ ಕೆಲಸದವರು, ವಾಟರ್‌ಪ್ರೂಫಿಂಗ್ ಮಾಡುವವರು, ಟೈಲ್ಸ್ ಕೂರಿಸುವವರು, ಬಡಗಿ, ಗಾಜಿನವರು, ಬಣ್ಣದವರು ಎಲ್ಲರೂ ಬರಬೇಕು. ಕೋಣೆ ಎಷ್ಟು ಚಿಕ್ಕದೆಂದರೆ ಇಬ್ಬರು ಒಟ್ಟಿಗೆ ನಿಂತು ಕೆಲಸ ಮಾಡುವುದೂ ಕಷ್ಟ. ಹಾಗಾಗಿ ಒಬ್ಬರಾದ ಮೇಲೆ ಒಬ್ಬರು.

ಈ ಸರದಿಯೇ ಖರ್ಚಿನ ಬೇರು. ಪ್ಲಂಬರ್ ಪೈಪು ಕೂರಿಸದೆ ಗಾರೆಯವರು ಗೋಡೆ ಮುಚ್ಚುವಂತಿಲ್ಲ. ಗಾರೆ ಒಣಗದೆ ವಾಟರ್‌ಪ್ರೂಫಿಂಗ್ ಬಳಿಯುವಂತಿಲ್ಲ. ಅದು ಹದವಾಗಿ ಒಣಗಿ, ನೀರು ನಿಲ್ಲಿಸಿ ಪರೀಕ್ಷಿಸದೆ ಟೈಲ್ಸ್ ಹಾಕುವಂತಿಲ್ಲ. ಒಂದು ಸಾಮಾನು ತಡವಾದರೆ ಹಿಂದಿರುವವರೆಲ್ಲ ಕಾಯಬೇಕು. ಕಾಯುವವರು ಬೇರೆ ಮನೆಯ ಕೆಲಸ ಹಿಡಿಯುತ್ತಾರೆ, ಮತ್ತೆ ಅವರನ್ನು ಹಿಡಿಯಲು ವಾರಗಳೇ ಹೋಗುತ್ತವೆ. ಸುಂಕದ ಸುದ್ದಿ ನಿಜವಾಗಿ ಕಚ್ಚುವುದು ಇಲ್ಲಿ. ವ್ಯಾನಿಟಿಯ ಬೆಲೆ ಏರಿದ್ದರಿಂದ ಆಗುವ ನಷ್ಟಕ್ಕಿಂತ, ಅದು ಹೊತ್ತಿಗೆ ಸರಿಯಾಗಿ ಬಾರದೆ ಪ್ಲಂಬರ್ ಎರಡು ಸಲ ಬರಬೇಕಾದ ನಷ್ಟ ದೊಡ್ಡದಾಗಬಹುದು. ಎಲ್ಲ ಸಾಮಾನು ಮನೆಗೆ ಬಂದು ಬಿದ್ದ ಮೇಲೆಯೇ ಸುತ್ತಿಗೆ ಎತ್ತಬೇಕು ಎಂದು ಅನುಭವಿ ಮೇಸ್ತ್ರಿಗಳು ಹಟ ಹಿಡಿಯುವುದು ಇದಕ್ಕೇ.

ಹಳೆಯ ಮನೆಯಾದರೆ ಇನ್ನೊಂದು ಅನಿಶ್ಚಿತತೆ. ಗೋಡೆ ಒಡೆಯುವ ತನಕ ಒಳಗೇನಿದೆ ಎಂದು ಯಾರಿಗೂ ಗೊತ್ತಿರುವುದಿಲ್ಲ. ತುಕ್ಕು ಹಿಡಿದು ಒಳಬಾಯಿ ಬೆರಳು ತೂರದಷ್ಟು ಕಿರಿದಾದ ಜಿಐ ಪೈಪು, ಕೊಳೆತ ಮರದ ತೊಲೆ, ಕೆಲವು ಕಡೆ ಸೀಸದ ಪೈಪು, ಹಳೆಯ ನೆಲಹಾಸಿನ ಅಂಟಿನಲ್ಲಿ ಕಲ್ನಾರು, ಏನಾದರೂ ಸಿಗಬಹುದು. ಅಂದಾಜಿನ ಮೇಲೆ ಶೇ 10ರಿಂದ 20ರಷ್ಟು ಹಣ ಬದಿಗಿಡಿ ಎಂದು ಹೇಳುವುದು ಅತಿ ಎಚ್ಚರಿಕೆಯಲ್ಲ. ಹಳೆಯ ಮನೆಗೆ ಅದು ಬಜೆಟ್ಟಿನದೇ ಭಾಗ.

ಟೈಲ್ಸ್ ನೀರು ತಡೆಯುವುದಿಲ್ಲ

ಬಾತ್‌ರೂಮಿನ ಬಗ್ಗೆ ಅತಿ ದುಬಾರಿಯಾಗುವ ತಪ್ಪು ಕಲ್ಪನೆ ಇದೊಂದೇ: ಟೈಲ್ಸ್ ಹಾಕಿದರೆ ನೀರು ಒಳಗೆ ಇಳಿಯುವುದಿಲ್ಲ.

ಬಿಡಿ ಟೈಲ್ಸ್ ಮಟ್ಟಿಗೆ ಇದು ಸುಮಾರಾಗಿ ಸರಿ. ಸುಮಾರು 1,200 ಡಿಗ್ರಿ ಶಾಖದಲ್ಲಿ ಬೆಂದ ಪೋರ್ಸಲೇನ್ ಟೈಲ್ಸ್ ತನ್ನ ತೂಕದ ಶೇ 0.5ಕ್ಕಿಂತ ಹೆಚ್ಚು ನೀರು ಹೀರಬಾರದು ಎನ್ನುವುದು ಅಂತರರಾಷ್ಟ್ರೀಯ ಮಾನದಂಡ. ಗೋಡೆಗೆಂದು ಮಾಡಿದ ಸಾದಾ ಸೆರಾಮಿಕ್ ಟೈಲ್ಸ್ ಹಿಂಬದಿ ಶೇ 10ಕ್ಕೂ ಮೇಲೆ ಹೀರುತ್ತದೆ, ಮುಂಬದಿಯ ಗಾಜಿನಂಥ ಲೇಪ (ಗ್ಲೇಜ್) ಅದನ್ನು ಕಾಯುತ್ತದೆ. ತೊಂದರೆ ಇರುವುದು ಎರಡು ಟೈಲ್ಸ್ ನಡುವಿನ ಸಂದಿಯಲ್ಲಿ. ಅಲ್ಲಿ ತುಂಬಿರುವ ಸಿಮೆಂಟ್ ಗ್ರೌಟ್‌ನಲ್ಲಿ ಕಣ್ಣಿಗೆ ಕಾಣದ ರಂಧ್ರಗಳಿವೆ. ನೀರು ಅದರೊಳಗೆ ಹೀರಿಕೊಂಡು ಹೋಗುತ್ತದೆ. ರಾಳದಿಂದ ಮಾಡಿದ ಎಪಾಕ್ಸಿ ಗ್ರೌಟ್ ಹೀರುವುದು ತೀರಾ ಕಡಿಮೆ, ಆದರೆ ಸಂದಿ ಬಿರುಕು ಬಿಟ್ಟರೆ ಅದೂ ನಿಸ್ಸಹಾಯಕ.

ಶವರ್ ಕೆಳಗಿನ ಮೂಲೆಯನ್ನು ಬಗ್ಗಿ ನೋಡಿದರೆ ವಿಷಯ ತಿಳಿಯುತ್ತದೆ. ಗೋಡೆ ಬಂದು ನೆಲಕ್ಕೆ ಸೇರುವ ಗೆರೆಯಲ್ಲಿ ಕೂದಲೆಳೆಯಷ್ಟು ಸೀಳು, ಅದರುದ್ದಕ್ಕೂ ಕಪ್ಪು ಬೂಷ್ಟು. ಎಷ್ಟು ಉಜ್ಜಿದರೂ ವಾರದಲ್ಲಿ ಮತ್ತೆ ಹಾಜರು. ಗೋಡೆ ಮತ್ತು ನೆಲ ಬಿಸಿಗೆ, ತೇವಕ್ಕೆ, ಭಾರಕ್ಕೆ ಬೇರೆ ಬೇರೆಯಾಗಿ ಅಲುಗುತ್ತವೆ. ಗಟ್ಟಿಯಾದ ಗ್ರೌಟ್ ಆ ಅಲುಗಾಟ ತಾಳದೆ ಸೀಳುತ್ತದೆ. ಹಾಗಾಗಿ ಎರಡು ಮುಖಗಳು ಕೂಡುವ ಜಾಗಕ್ಕೆ ಗ್ರೌಟ್ ಬದಲು ಹಿಗ್ಗಿ ಕುಗ್ಗಬಲ್ಲ ಸಿಲಿಕೋನ್ ತುಂಬಬೇಕು. ತುಂಬದಿದ್ದರೆ ದಿನಾ ಸ್ನಾನದ ನೀರು ಆ ಸೀಳಿನಿಂದ ಹನಿಹನಿಯಾಗಿ ಇಳಿಯುತ್ತದೆ. ಬೂಷ್ಟು ಮತ್ತೆ ಮತ್ತೆ ಬರುವುದು ಕೊಳೆಯಿಂದ ಮಾತ್ರವಲ್ಲ, ಹಿಂದಿರುವ ತೇವ ಒಣಗದೇ ಇರುವುದರಿಂದಲೂ ಹೌದು.

ನೀರನ್ನು ನಿಜವಾಗಿ ತಡೆಯುವುದು ಟೈಲ್ಸ್ ಹಿಂದಿರುವ ಪದರ. ಅದು ಬಳಿಯುವ ದ್ರವವಾಗಿರಬಹುದು, ಅಂಟಿಸುವ ಹಾಳೆಯಾಗಿರಬಹುದು. ನೆಲ ಪೂರ್ತಿ ಹರಡಿ ಗೋಡೆಗೆ ಏರಬೇಕು, ಶವರ್ ಇರುವ ಕಡೆ ಆಳೆತ್ತರಕ್ಕೆ. ಆಸ್ಟ್ರೇಲಿಯಾದ ಮಾನದಂಡ ಶವರ್ ಗೋಡೆಗೆ 1.8 ಮೀಟರ್ ಎತ್ತರ ಕೇಳುತ್ತದೆ. ಮೂಲೆಗಳಲ್ಲಿ ಬಲೆಯ ಪಟ್ಟಿ ಕೂರಿಸಬೇಕು, ಡ್ರೈನ್ ಬಾಯಿಗೆ ಪದರವನ್ನು ಬಿಗಿಯಾಗಿ ಸೇರಿಸಬೇಕು. ಆಮೇಲೆ ಡ್ರೈನ್ ಮುಚ್ಚಿ, ನೀರು ನಿಲ್ಲಿಸಿ, ಕನಿಷ್ಠ 24 ಗಂಟೆ ಬಿಟ್ಟು ಮಟ್ಟ ಇಳಿಯಿತೇ ಎಂದು ಗುರುತು ನೋಡಬೇಕು. ಒಂದು ದಿನ ಕೆಲಸ ನಿಲ್ಲುತ್ತದೆ. ಅವಸರದ ಕೆಲಸದಲ್ಲಿ ಮೊದಲು ಬಿಟ್ಟುಹೋಗುವುದೂ ಇದೇ ದಿನ. ಬಿಟ್ಟದ್ದು ತಿಳಿಯುವುದು ಎರಡು ವರ್ಷದ ನಂತರ, ಕೆಳಮನೆಯ ಸೀಲಿಂಗ್‌ನಲ್ಲಿ ಹಳದಿ ಕಲೆ ಮೂಡಿದಾಗ. ಆಗ ದುರಸ್ತಿಗೆ ಹೊಸ ಟೈಲ್ಸನ್ನೇ ಒಡೆಯಬೇಕು.

ಹಳೆಯ ಟೈಲ್ಸ್ ಮೇಲೆಯೇ ಹೊಸದನ್ನು ಅಂಟಿಸುವ ಅಗ್ಗದ ದಾರಿಯನ್ನು ಇದೇ ಬೆಳಕಿನಲ್ಲಿ ನೋಡಬೇಕು. ಹಿಂದಿನ ಪದರ ಗಟ್ಟಿಮುಟ್ಟಾಗಿದ್ದು ಬಣ್ಣ ಮಾತ್ರ ಬೇಸರವಾಗಿದ್ದರೆ ಅದು ನ್ಯಾಯವಾದ ಉಳಿತಾಯ. ಸೋರಿಕೆ ಇರುವ ಕಡೆ ಮಾಡಿದರೆ ಗಾಯದ ಮೇಲೆ ಹೊಸ ಅಂಗಿ ತೊಡಿಸಿದಂತೆ.

ಕಮೋಡ್ ಒಂದಡಿ ಸರಿಸಿದರೆ

ನಕ್ಷೆಯ ಹಾಳೆಯಲ್ಲಿ ಕಮೋಡನ್ನು ಇತ್ತಿಂದ ಅತ್ತ ಸರಿಸುವುದು ಪೆನ್ಸಿಲ್ಲಿನ ಒಂದು ಗೆರೆ. ನೆಲದೊಳಗೆ ಅದು ಬೇರೆಯೇ ಕಥೆ. ನೀರು ತರುವ ಪೈಪಿನಲ್ಲಿ ಒತ್ತಡ ಇರುತ್ತದೆ, ಅದನ್ನು ಮೇಲೆ ಕೆಳಗೆ ಹೇಗೆ ಬೇಕಾದರೂ ತಿರುಗಿಸಬಹುದು. ಕೊಳಚೆ ಒಯ್ಯುವ ಪೈಪು ನಡೆಯುವುದು ಇಳಿಜಾರಿನ ಬಲದಿಂದ ಮಾತ್ರ. ದೂರ ಹೆಚ್ಚಿದಷ್ಟೂ ಪೈಪಿನ ಕೊನೆ ಕೆಳಗಿಳಿಯಬೇಕು, ಅಂದರೆ ನೆಲ ಅಗೆಯಬೇಕು ಅಥವಾ ಎತ್ತರಿಸಬೇಕು. ಜೊತೆಗೆ ಗಾಳಿ ಪೈಪಿನ ಸಂಪರ್ಕವೂ ಸರಿಯಾಗಿರಬೇಕು. ಇಲ್ಲದಿದ್ದರೆ ಫ್ಲಶ್ ಮಾಡಿದಾಗ ಟ್ರ್ಯಾಪ್‌ನಲ್ಲಿ, ಅಂದರೆ ಪೈಪಿನ ಬಾಗಿನಲ್ಲಿ, ನಿಂತಿರುವ ಅಂಗೈ ಅಗಲಕ್ಕೂ ಕಡಿಮೆ ಆಳದ ನೀರನ್ನು ಹೀರಿ ಎಳೆದುಬಿಡುತ್ತದೆ. ಕೊಳಚೆ ಪೈಪಿನ ದುರ್ವಾಸನೆಗೂ ಮನೆಗೂ ನಡುವೆ ಇರುವ ಬಾಗಿಲು ಆ ಒಂದಿಷ್ಟು ನೀರೇ. 1775ರಲ್ಲಿ ಅಲೆಕ್ಸಾಂಡರ್ ಕಮಿಂಗ್ ಪೇಟೆಂಟ್ ಪಡೆದ ಎಸ್ ಆಕಾರದ ಬಾಗು ಈ ಕೆಲಸ ಶುರು ಮಾಡಿತು. ಇಂದಿಗೂ ಅದೇ ತತ್ವ.

ಕಮೋಡ್, ಶವರ್ ಡ್ರೈನ್ ಇದ್ದಲ್ಲೇ ಇರಲಿ ಎಂದು ಒಪ್ಪಿಕೊಂಡ ಕ್ಷಣವೇ ಖರ್ಚಿನ ದೊಡ್ಡ ತುಂಡು ಉಳಿಯುತ್ತದೆ. ಹೊಸ ಕಮೋಡ್ ಕೊಳ್ಳುವ ಮೊದಲು ಗೋಡೆಯಿಂದ, ಕೊಳಚೆ ಹೊರಹೋಗುವ ಪೈಪಿನ ನಡುಬಿಂದುವಿಗೆ, ಎಷ್ಟು ದೂರ ಎಂದು ಅಳೆದಿಟ್ಟುಕೊಳ್ಳುವುದೂ ಅಷ್ಟೇ ಮುಖ್ಯ.

ಚಿತ್ರದಲ್ಲಿ ಕಾಣದ ಕೆಲಸ

ಈಗ ಮನೆಯವರ ಮನಸ್ಸು ಎಳೆಯುತ್ತಿರುವುದು ಹೊಸಿಲಿಲ್ಲದ ಶವರ್, ದೊಡ್ಡ ದೊಡ್ಡ ಟೈಲ್ಸ್, ಗೋಡೆಗೆ ತೂಗುವ ಕಮೋಡ್, ಗೋಡೆಯೊಳಗಿನ ಗೂಡು ಇವುಗಳ ಕಡೆಗೆ. ಪ್ರತಿಯೊಂದಕ್ಕೂ ಒಳ್ಳೆಯ ಕಾರಣ ಇದೆ, ಪ್ರತಿಯೊಂದಕ್ಕೂ ಕಾಣದ ಬೆಲೆಯೂ ಇದೆ.

ದೊಡ್ಡ ಟೈಲ್ಸನ್ನೇ ತೆಗೆದುಕೊಳ್ಳಿ. ಸಂದಿ ಕಡಿಮೆ, ಉಜ್ಜುವ ಕೆಲಸ ಕಡಿಮೆ. ಆದರೆ ತಲೆಗೆ ಸುರಿದ ನೀರು ಕಾಲಿಗೆ ಬಂದು ಡ್ರೈನ್ ಕಡೆ ಹರಿಯಲೇಬೇಕು. ಅದಕ್ಕೆ ಶವರ್ ನೆಲಕ್ಕೆ ಶೇ 2ರಷ್ಟು, ಅಂದರೆ ಮೀಟರಿಗೆ ಎರಡು ಸೆಂಟಿಮೀಟರ್ ಇಳಿಜಾರು ಬೇಕು. ಡ್ರೈನ್ ನಡುವಿನಲ್ಲಿದ್ದರೆ ನಾಲ್ಕೂ ಕಡೆಯಿಂದ ಇಳಿಯಬೇಕು, ನೆಲ ತಟ್ಟೆಯಂತೆ ಬಾಗಬೇಕು. ಅಂಗೈಯಗಲದ ಚಿಕ್ಕ ಟೈಲ್ಸ್ ಆ ಬಾಗಿಗೆ ಒಗ್ಗುತ್ತದೆ. ಎರಡಡಿ ಅಗಲದ ಹಲಗೆಯಂಥ ಟೈಲ್ಸ್ ಬಾಗುವುದಿಲ್ಲ, ಮೂಲೆಯಿಂದ ಮೂಲೆಗೆ ಕತ್ತರಿಸಬೇಕು. ಕತ್ತರಿಸಬಾರದೆಂದರೆ ಒಂದು ಅಂಚಿನುದ್ದಕ್ಕೂ ಉದ್ದನೆಯ ಡ್ರೈನ್ ಹಾಕಿ ಇಡೀ ನೆಲವನ್ನು ಒಂದೇ ಕಡೆಗೆ ವಾಲಿಸಬೇಕು. ಆ ಡ್ರೈನ್ ದುಬಾರಿ, ಪೈಪಿನ ಜಾಗವೂ ಬದಲಾಗುತ್ತದೆ. ದೊಡ್ಡ ಟೈಲ್ಸ್‌ಗೆ ಕೆಳಗಿನ ಮೇಲ್ಮೈ ಮೂರು ಮೀಟರಿನಲ್ಲಿ ಮೂರು ಮಿಲಿಮೀಟರಿಗಿಂತ ಹೆಚ್ಚು ಏರುಪೇರಾಗಬಾರದು, ಇಲ್ಲದಿದ್ದರೆ ಅಂಚುಗಳು ಕಾಲಿಗೆ ತಾಗುತ್ತವೆ. ಹಳೆಯ ಗೋಡೆ, ನೆಲ ಇಷ್ಟು ಸಮವಾಗಿರುವುದು ಅಪರೂಪ. ಆದ್ದರಿಂದ ಟೈಲ್ಸ್ ಬೆಲೆ ಅದೇ ಇದ್ದರೂ ಕೂಲಿ ಏರುತ್ತದೆ.

ಹೊಸಿಲಿಲ್ಲದ ಶವರ್‌ಗೂ ಇದೇ ಮಾತು. ನೋಡಲು ಏನನ್ನೋ ತೆಗೆದುಹಾಕಿದಂತಿದೆ. ಮಾಡಲು ಮಾತ್ರ ಆ ಭಾಗದ ನೆಲವನ್ನೇ ತಗ್ಗಿಸಬೇಕು, ನೀರು ಹೊರಗೆ ಹರಡುವುದರಿಂದ ವಾಟರ್‌ಪ್ರೂಫಿಂಗನ್ನು ಇಡೀ ಕೋಣೆಗೆ ವಿಸ್ತರಿಸಬೇಕು. ತೂಗುವ ಕಮೋಡ್ ನೆಲ ಒರೆಸುವವರಿಗೆ ವರ. ಅದರ ಹಿಂದೆ ಸುಮಾರು 400 ಕಿಲೋ ಭಾರ ತಾಳುವಂತೆ ಮಾಡಿದ ಉಕ್ಕಿನ ಚೌಕಟ್ಟು, ಗೋಡೆಯೊಳಗೆ ಅಡಗಿದ ಸಿಸ್ಟರ್ನ್ (ಫ್ಲಶ್ ಟ್ಯಾಂಕ್) ಇರುತ್ತದೆ. ಬಿಡಿಭಾಗ ಮುಂದೆ ಸಿಗುವಂಥ ತಯಾರಿಕೆಯನ್ನು ಆರಿಸುವುದು ಇಲ್ಲಿ ಬಣ್ಣಕ್ಕಿಂತ ದೊಡ್ಡ ವಿಷಯ. ಗೋಡೆಯ ಗೂಡು ಎಂದರೆ ನೀರು ತಡೆಯುವ ಪದರದಲ್ಲಿ ಬೇಕೆಂದೇ ಮಾಡಿದ ಕಿಂಡಿ. ಒಳಗಿನ ಐದೂ ಮುಖಕ್ಕೆ ಪದರ ಬಳಿದು, ತಳವನ್ನು ಹೊರಕ್ಕೆ ಚೂರು ವಾಲಿಸಿದ್ದರೆ ಸರಿ.

ಒಂದು ವಿಷಯದಲ್ಲಿ ಲೆಕ್ಕ ನಮ್ಮ ಮನೆಯ ಗೋಡೆಯಾಚೆಗೂ ಹೋಗುತ್ತದೆ. ವ್ಯಾನಿಟಿಯ ಮೇಲೆ ಹಾಸುವ, ಕಲ್ಲಿನ ಪುಡಿಯನ್ನು ರಾಳದಲ್ಲಿ ಬೆರೆಸಿ ಮಾಡಿದ ಎಂಜಿನಿಯರ್ಡ್ ಸ್ಟೋನ್‌ನಲ್ಲಿ ಸಿಲಿಕಾ ಪ್ರಮಾಣ ಶೇ 90ರ ಮೇಲೂ ಇರುತ್ತದೆ. ಅದನ್ನು ಒಣದಾಗಿ ಕತ್ತರಿಸುವಾಗ ಏಳುವ ಸೂಕ್ಷ್ಮ ಧೂಳು ಕೆಲಸಗಾರರ ಶ್ವಾಸಕೋಶಕ್ಕೆ ಸೇರಿ ಸಿಲಿಕೋಸಿಸ್ ತರುತ್ತದೆ. ಅದು ವಾಸಿಯಾಗದ ಕಾಯಿಲೆ. ಯುವ ಕೆಲಸಗಾರರು ಸಾಲುಸಾಲಾಗಿ ಕಾಯಿಲೆ ಬಿದ್ದ ಮೇಲೆ ಆಸ್ಟ್ರೇಲಿಯಾ 2024ರ ಜುಲೈ 1ರಿಂದ ಇದನ್ನು ನಿಷೇಧಿಸಿತು, ಹಾಗೆ ಮಾಡಿದ ಮೊದಲ ದೇಶ ಅದು. ಕೊಳ್ಳುವವರು ಇದನ್ನು ತಿಳಿದು ಕೊಳ್ಳಬೇಕು. ಕತ್ತರಿಸುವ ಕೆಲಸ ನೀರು ಹಾಯಿಸಿ, ಧೂಳು ಹೀರುವ ಯಂತ್ರ ಇಟ್ಟು ಆಗುತ್ತದೆಯೇ ಎಂದು ಕೇಳುವ ಹಕ್ಕು ಹಣ ಕೊಡುವವರಿಗೆ ಇದೆ, ಕೇಳುವ ಹೊಣೆಯೂ ಇದೆ.

ಹಾಕಿದ ಹಣ ಮರಳುತ್ತದೆಯೇ?

ಇಲ್ಲಿ ಎರಡು ಬಣ. ಮನೆ ಮಾರಾಟದ ವ್ಯವಹಾರದವರು ಹೇಳುವುದು, ಅಡುಗೆಮನೆ ಮತ್ತು ಬಾತ್‌ರೂಮ್ ನೋಡಿಯೇ ಕೊಳ್ಳುವವರು ಮನಸ್ಸು ಮಾಡುತ್ತಾರೆ, ಆದ್ದರಿಂದ ಧಾರಾಳವಾಗಿ ಹಾಕಿ. ಲೆಕ್ಕದವರು ಹೇಳುವುದು ಬೇರೆ. ಅಮೆರಿಕದಲ್ಲಿ ವರ್ಷವರ್ಷ ಬರುವ ವೆಚ್ಚ ಮತ್ತು ಮೌಲ್ಯದ ಹೋಲಿಕೆ ವರದಿಗಳು ಪದೇ ಪದೇ ತೋರಿಸುವುದೇನೆಂದರೆ, ಮಧ್ಯಮ ದರ್ಜೆಯ ಬಾತ್‌ರೂಮ್ ನವೀಕರಣ ತನ್ನ ಖರ್ಚಿನ ಒಳ್ಳೆಯ ಪಾಲನ್ನು ಮರಳಿಸುತ್ತದೆ, ಐಷಾರಾಮಿ ನವೀಕರಣ ಅದಕ್ಕಿಂತ ಬಹಳ ಕಡಿಮೆ ಪಾಲನ್ನು. ಕಾರಣ ಸರಳ. ಸೋರದ, ಬೆಳಕಿರುವ, ಕೆಲಸ ಮಾಡುವ ಬಾತ್‌ರೂಮ್ ಎಲ್ಲರಿಗೂ ಬೇಕು, ಅದಕ್ಕೆ ಎಲ್ಲರೂ ಬೆಲೆ ಕಟ್ಟುತ್ತಾರೆ. ಒಬ್ಬರ ರುಚಿಯ ಅಮೃತಶಿಲೆ ಇನ್ನೊಬ್ಬರಿಗೆ ಒಡೆಸಬೇಕಾದ ಕಲ್ಲು.

ಬಾತ್‌ಟಬ್ ತೆಗೆಯುವ ಜಗಳವೂ ಇದರದೇ ಕವಲು. ಟಬ್ ಇಲ್ಲದ ಮನೆಯನ್ನು ಚಿಕ್ಕ ಮಕ್ಕಳಿರುವವರು ಕೊಳ್ಳಲಾರರು ಎಂಬುದು ಒಂದು ವಾದ. ಬಳಸದ ಟಬ್ ಜಾಗ ನುಂಗುತ್ತದೆ, ಅದರ ಅಂಚು ದಾಟುವುದು ವಯಸ್ಸಾದವರಿಗೆ ಅಪಾಯ ಎಂಬುದು ಇನ್ನೊಂದು. ಎರಡು ಬಾತ್‌ರೂಮ್ ಇದ್ದರೆ ಒಂದರಲ್ಲಿ ಟಬ್ ಉಳಿಸಿದರಾಯಿತು. ಒಂದೇ ಇದ್ದರೆ ಆ ಮನೆಯಲ್ಲಿ ಮುಂದಿನ ಹತ್ತು ವರ್ಷ ಬಾಳುವವರು ಯಾರು ಎಂಬುದನ್ನೇ ನೋಡಬೇಕು, ಎಂದೋ ಬರಬಹುದಾದ ಗಿರಾಕಿಯನ್ನಲ್ಲ.

ಗೋಡೆ ತೆರೆದಿರುವಾಗ

ವಿಶ್ವ ಆರೋಗ್ಯ ಸಂಸ್ಥೆಯ ಅಂದಾಜಿನಂತೆ ಜಗತ್ತಿನಲ್ಲಿ ವರ್ಷಕ್ಕೆ 6,84,000 ಜನ ಬಿದ್ದು ಸಾಯುತ್ತಾರೆ, ಅವರಲ್ಲಿ ಹೆಚ್ಚಿನವರು 60 ದಾಟಿದವರು. ಒದ್ದೆ ನೆಲ, ಸೋಪು, ಹಿಡಿಯಲು ಏನೂ ಇಲ್ಲದ ನುಣುಪು ಗೋಡೆ ಒಟ್ಟಿಗೆ ಇರುವ ಕೋಣೆ ಯಾವುದೆಂದು ಹೇಳಬೇಕಿಲ್ಲ. ಇಂದು ಹಾಕಿದ ಟೈಲ್ಸ್ ಇಪ್ಪತ್ತು ವರ್ಷ ಇರುತ್ತದೆ. ಈಗ ಐವತ್ತಾದವರಿಗೆ ಅಷ್ಟರಲ್ಲಿ ಎಪ್ಪತ್ತು.

ಹಿಡಿಕಂಬಿ ಈಗ ಬೇಡವೆನಿಸಬಹುದು. ಆದರೆ ಕಂಬಿ ಒಬ್ಬರ ಇಡೀ ಭಾರ ತಾಳಬೇಕು. ಅಮೆರಿಕದ ಅಂಗವಿಕಲರ ಕಾಯ್ದೆಯ ಮಾನದಂಡ ಕೇಳುವುದು ಸುಮಾರು 113 ಕಿಲೋ. ಪೊಳ್ಳು ಹಲಗೆಯ ಗೋಡೆಗೆ ಬರಿ ಸ್ಕ್ರೂ ಹಾಕಿದರೆ ಅದು ಜಾರಿದವರ ಜೊತೆಗೇ ಕಿತ್ತು ಬರುತ್ತದೆ. ಗೋಡೆ ತೆರೆದಿರುವಾಗ ಹಿಂದೆ ಒಂದು ಗಟ್ಟಿ ಮರದ ಹಲಗೆ ಕೂರಿಸುವುದು ಅರ್ಧ ಗಂಟೆಯ ಕೆಲಸ. ಟೈಲ್ಸ್ ಬಿದ್ದ ಮೇಲೆ ಅದೇ ಕೆಲಸಕ್ಕೆ ಗೋಡೆ ಒಡೆಯಬೇಕು, ನೀರು ತಡೆಯುವ ಪದರವನ್ನೂ ಹರಿಯಬೇಕು.

ಬಿಸಿನೀರಿನ ಹದವೂ ಹೀಗೆಯೇ. ನ್ಯುಮೋನಿಯಾ ತರಬಲ್ಲ ಲೀಜನೆಲ್ಲಾ ಬ್ಯಾಕ್ಟೀರಿಯಾ ಬೆಳೆಯದಂತೆ ಟ್ಯಾಂಕಿನಲ್ಲಿ ನೀರು 60 ಡಿಗ್ರಿ ಇರಬೇಕು. ಅದೇ 60 ಡಿಗ್ರಿ ಮೈಗೆ ಬಿದ್ದರೆ ಕೆಲವೇ ಸೆಕೆಂಡುಗಳಲ್ಲಿ ಆಳವಾದ ಸುಟ್ಟಗಾಯ. ಈ ಎರಡು ಅಗತ್ಯಗಳನ್ನೂ ಕೂಡಿಸುವುದು, ತಣ್ಣೀರು ಬೆರೆಸಿ ಹದ ಕಾಯುವ, ಗೋಡೆಯೊಳಗೆ ಕೂರುವ ಥರ್ಮೋಸ್ಟಾಟಿಕ್ ವಾಲ್ವ್. ಬಿಡೆ ಸೀಟ್ (ನೀರು ಚಿಮ್ಮಿ ತೊಳೆಯುವ ಕಮೋಡ್ ಸೀಟ್) ಮುಂದೆಂದಾದರೂ ಬೇಕಾದರೆ ಕಮೋಡ್ ಪಕ್ಕ ಸುರಕ್ಷಿತ ವಿದ್ಯುತ್ ಪಾಯಿಂಟ್, ತೇವ ಹೊರಹಾಕಲು ಸೆಕೆಂಡಿಗೆ ಸುಮಾರು 25 ಲೀಟರ್ ಗಾಳಿ ಎಳೆಯುವ ಫ್ಯಾನ್ ಮತ್ತು ಅದರ ಕೊಳವೆಯನ್ನು ಅಟ್ಟದಲ್ಲಿ ಬಿಡದೆ ಮನೆಯ ಹೊರಗೇ ಒಯ್ಯುವುದು, ಇವೂ ಗೋಡೆ ಮುಚ್ಚುವ ಮೊದಲಿನ ಕೆಲಸಗಳು.

ಮುಂದೆ ಆಗುವುದೇನು?

ಸುಂಕದ ಏರಿಳಿತ ಸದ್ಯಕ್ಕೆ ನಿಲ್ಲುವ ಲಕ್ಷಣ ಇಲ್ಲ. ಅದರ ಮೊದಲ ಪರಿಣಾಮ ಕಾಣುವುದು ಕೊಟೇಶನ್‌ನಲ್ಲಿ: ಹೇಳಿದ ಬೆಲೆ ಜಾರಿಯಲ್ಲಿರುವ ಅವಧಿ ಕಿರಿದಾಗುತ್ತದೆ, ಸಾಮಾನಿನ ದರ ಏರಿದರೆ ವ್ಯತ್ಯಾಸ ಮನೆಯವರದು ಎಂಬ ಷರತ್ತು ಸೇರುತ್ತದೆ. ಎರಡನೆಯ ಪರಿಣಾಮ ಹೆಚ್ಚು ಕಳವಳದ್ದು. ಕಾಣುವ ಸಾಮಾನು ತುಟ್ಟಿಯಾದಾಗ ಬಜೆಟ್ ಹಿಡಿತದಲ್ಲಿಡಲು ಕತ್ತರಿ ಬೀಳುವುದು ಕಾಣದ ಕೆಲಸಕ್ಕೆ. ನಲ್ಲಿಯ ಮಾದರಿ ಬದಲಿಸಿದರೆ ಮನೆಯವರು ಗುರುತಿಸುತ್ತಾರೆ. ವಾಟರ್‌ಪ್ರೂಫಿಂಗ್ ಎರಡು ಕೋಟಿನ ಬದಲು ಒಂದೇ ಕೋಟಾದರೆ ಯಾರಿಗೂ ತಿಳಿಯುವುದಿಲ್ಲ.

ಆದ್ದರಿಂದ ಕೊಟೇಶನ್ ಓದುವಾಗ ಕೊನೆಯ ಮೊತ್ತಕ್ಕಿಂತ ಮೊದಲು ನೋಡಬೇಕಾದ ಸಾಲುಗಳಿವೆ: ವಾಟರ್‌ಪ್ರೂಫಿಂಗ್ ಯಾವ ಉತ್ಪನ್ನ, ಎಷ್ಟು ಕೋಟು, ಗೋಡೆಗೆ ಎಷ್ಟು ಎತ್ತರ, ನೀರು ನಿಲ್ಲಿಸುವ ಪರೀಕ್ಷೆ ಎಷ್ಟು ಗಂಟೆ, ಹಳೆಯ ಪೈಪು ಎಲ್ಲಿಯವರೆಗೆ ಬದಲಾಗುತ್ತದೆ. ಎರಡು ಕೊಟೇಶನ್‌ಗಳ ನಡುವೆ ದೊಡ್ಡ ಅಂತರ ಇದ್ದರೆ ಬಹಳ ಸಲ ಅದು ಇಲ್ಲೇ ಅಡಗಿರುತ್ತದೆ. ಹಣದ ಒಂದು ಕಂತನ್ನು ನೀರಿನ ಪರೀಕ್ಷೆ ಮುಗಿದ ದಿನಕ್ಕೆ ಕಟ್ಟಿಹಾಕಿದರೆ ಆ ಪರೀಕ್ಷೆ ತಪ್ಪದೆ ನಡೆಯುತ್ತದೆ. ಆ ದಿನವೇ, ಗೋಡೆ ಮುಚ್ಚುವ ಮೊದಲು, ಪ್ರತಿ ಪೈಪು, ವೈರು, ಹಲಗೆಯ ಪಕ್ಕ ಅಳತೆಯ ಟೇಪ್ ಹಿಡಿದು ಫೋಟೋ ತೆಗೆದಿಟ್ಟುಕೊಳ್ಳಬೇಕು. ಮುಂದೆ ಕನ್ನಡಿ ತೂಗುಹಾಕಲು ಡ್ರಿಲ್ ಹಿಡಿದವರಿಗೆ ಎಲ್ಲಿ ಕೊರೆಯಬಾರದೆಂದು ತೋರಿಸಲು ಆ ಫೋಟೋಗಳೇ ಇರುವ ಏಕೈಕ ನಕ್ಷೆ.